ಹಳದಿ ಹಾಳೆ, ಬಿಳಿ ಹಾಳೆ

ನಮ್ಮ ಹೆಗ್ಗೋಡಿಗೆ ರೈಲಿಲ್ಲ. ರೈಲು ಬೇಕಾದವರು ಎಂಟು ಕಿಲೋಮೀಟರು ದೂರದ ಸಾಗರಕ್ಕೆ ಹೋಗಬೇಕು. ಸಾಗರಕ್ಕೆ ಹೋಗಲು ಬಸ್ಸಿದೆ. ಬಸ್ಸಿಗೆ ವೇಳೆಯೂ ಇದೆ. ಆದರೆ ಆ ವೇಳೆಯನ್ನು ನೋಡಿ ತಿಳಿಯುವುದಲ್ಲ, ಕೇಳಿ ತಿಳಿಯುವುದು. ನಾವು ‘ಎಂಟೂವರೆ ಬಸ್ಸು’ ಎಂದು ಕರೆಯುತ್ತಿದ್ದ ಬಸ್ಸು ಬರುತ್ತಿದ್ದುದು ಎಂಟೂಮುಕ್ಕಾಲಿಗೆ. ಎಂದೋ ಒಂದು ಕಾಲದಲ್ಲಿ ಅದು ಎಂಟೂವರೆಗೇ ಬರುತ್ತಿದ್ದಿರಬೇಕು. ಹೆಸರು ಅಲ್ಲೇ ನಿಂತಿತು. ಬಸ್ಸು ಹಿಂದೆ ಬಿತ್ತು. ಇದರಿಂದ ಊರಿನವರಿಗೆ ಯಾವ ತೊಂದರೆಯೂ ಆದದ್ದಿಲ್ಲ. ಎಂಟೂವರೆ ಬಸ್ಸು ಎಂಟೂಮುಕ್ಕಾಲಿಗೆ ಬರುತ್ತದೆಂಬುದು ಹುಟ್ಟಿದ ಕೂಸಿಗೂ ಗೊತ್ತಿತ್ತು.

ತೊಂದರೆಯಾಗುತ್ತಿದ್ದುದು ಪರಸ್ಥಳದವರಿಗೆ. 1949ರಲ್ಲಿ ನಮ್ಮೂರಲ್ಲಿ ಹುಟ್ಟಿದ ನೀನಾಸಂ ದೇಶವಿದೇಶಗಳ ಜನರನ್ನು ಈ ಅಡಿಕೆ ತೋಟಗಳ ನಡುವೆ ಎಳೆದು ತಂದಿತಷ್ಟೆ. ಹಾಗೆ ಒಮ್ಮೆ ಅಕ್ಟೋಬರಿನ ಶಿಬಿರಕ್ಕೆ ಬಂದಿದ್ದ ಬಿಳಿಯ ಮಹನೀಯನೊಬ್ಬ ಚಹಾದಂಗಡಿಯ ಮುಂದೆ ನಿಂತು, ಸಾಗರಕ್ಕೆ ಹೋಗುವ ಬಸ್ಸಿನ ವೇಳಾಪಟ್ಟಿ ಎಲ್ಲಿ ಸಿಕ್ಕುತ್ತದೆಂದು ಕೇಳಿದ. ಅಂಗಡಿಯಾತ ನನ್ನ ಮುಖ ನೋಡಿದ. ನಾನು ಪ್ರಶ್ನೆಯನ್ನು ಕನ್ನಡಕ್ಕಿಳಿಸಿದೆ. “ಈಗ ಬಂತು ಅನ್ನಿ” ಎಂದ ಅವನು. ಅತಿಥಿ ಸುತ್ತ ನೋಡಿದ, ಬಸ್ಸು ಕಾಣಲಿಲ್ಲ. ‘ಈಗ ಬಂತು’ ಎಂದರೆ ಇನ್ನೂ ಬಂದಿಲ್ಲ, ಆದರೆ ಕುಳಿತುಕೊಂಡು ಒಂದು ಚಹಾ ಕುಡಿಯಬಹುದು ಎಂದು ಅರ್ಥವೆಂಬುದನ್ನು ಅವನಿಗೆ ವಿವರಿಸಲು ನನ್ನ ಇಂಗ್ಲಿಷು ಸಾಲದೆ ಹೋಯಿತು. ಬರೆದದ್ದನ್ನು ಬಿಟ್ಟು ಬೇರೇನನ್ನೂ ನಂಬದ ಜನ ಎಂದು ಮನಸ್ಸಿನಲ್ಲೇ ನಕ್ಕೆ. ಆ ನಗೆಯ ಸಾಲವನ್ನು ನಾನು ಬಡ್ಡಿ ಸಹಿತ ತೀರಿಸಬೇಕಾಗಿ ಬಂದದ್ದು 2023ರಲ್ಲಿ.

ಮಗಳು ಜರ್ಮನಿಯ ಸ್ಟುಟ್‌ಗಾರ್ಟಿನಲ್ಲಿದ್ದಾಳೆ. ಆ ವರ್ಷ ಸೆಪ್ಟೆಂಬರಿನಲ್ಲಿ ನಾನೂ ನನ್ನ ಮನೆಯಾಕೆಯೂ ಅವಳಲ್ಲಿಗೆ ಹೋಗಿದ್ದೆವು. ಅಲ್ಲಿಂದ ಒಂದು ಗಂಟೆಯೊಳಗಿನ ರೈಲುದಾರಿಯಲ್ಲಿ ಟ್ಯೂಬಿಂಗನ್ ಎಂಬ ಊರಿದೆ. ಕನ್ನಡ ಓದಿದವರಿಗೆ ಆ ಹೆಸರು ಪರಕೀಯವಲ್ಲ. ನಮ್ಮ ನಿಘಂಟಿನ ಕಿಟೆಲ್ ಸಾಹೇಬರು 1903ರಲ್ಲಿ ಕಣ್ಮುಚ್ಚಿದ್ದು ಅಲ್ಲಿ. ಮೂವತ್ತೈದು ವರ್ಷ ಹೈಸ್ಕೂಲಿನಲ್ಲಿ ಕನ್ನಡ ಕಲಿಸಿ ಅನ್ನ ಉಂಡವನು ನಾನು. ಅಷ್ಟು ಹತ್ತಿರ ಹೋಗಿ ಆ ಊರಿನ ಮಣ್ಣು ಮೆಟ್ಟದೆ ಬಂದರೆ ಹೇಗೆ?

“ಶನಿವಾರ ಆನೂ ಬತ್ತಿ ಅಪ್ಪಯ್ಯ, ಒಟ್ಟಿಗೇ ಹೋಪನ” ಎಂದಳು ಮಗಳು. ಅವಳಿಗೆ ವಾರದಲ್ಲಿ ಐದು ದಿನ ಕೆಲಸ. ಆದರೆ ಶನಿವಾರದ ತನಕ ಕಾಯಲು ನನ್ನ ಮನಸ್ಸು ಒಪ್ಪಲಿಲ್ಲ. ನಿಜ ಹೇಳಬೇಕೆಂದರೆ, ಮೂರು ವಾರಗಳಿಂದ ಮಗಳ ಹಿಂದೆ ಹಿಂದೆ ಕೂಸಿನ ಹಾಗೆ ತಿರುಗಿ ತಿರುಗಿ ನನಗೆ ನನ್ನ ಮೇಲೇ ಬೇಸರ ಬಂದಿತ್ತು. ಅವಳು ಟಿಕೀಟು ತೆಗೆಯುವುದು, ನಾನು ಹತ್ತುವುದು. ಅವಳು ಇಳಿ ಎಂದಾಗ ಇಳಿಯುವುದು. ಒಬ್ಬನೇ ಹೋಗುತ್ತೇನೆಂದು ಹಟ ಹಿಡಿದೆ. ಕಳೆದುಹೋದರೆ ಎಂತ ಮಾಡುವುದೆಂದು ಮನೆಯಾಕೆ ಕೇಳಿದ್ದಕ್ಕೆ, “ಟೈಂಟೇಬಲ್ಲು ಇರುವ ದೇಶದಲ್ಲಿ ಯಾರೂ ಕಳೆದುಹೋಗುವುದಿಲ್ಲ” ಎಂದು ಮೇಷ್ಟರ ಗತ್ತಿನಲ್ಲೇ ಉತ್ತರ ಕೊಟ್ಟೆ.

ಮಗಳು ರಾತ್ರಿ ಕುಳಿತು ಪಾಠ ಹೇಳಿದಳು. ದೂರದ ವೇಗದ ಗಾಡಿಗಳು ಬೇರೆ, ಹತ್ತಿರದ ಊರುಗಳ ಗಾಡಿಗಳು ಬೇರೆ. ವೇಗದ ಗಾಡಿಗೆ ಮುಂಚಿತವಾಗಿ ಅಗ್ಗದ ಟಿಕೀಟು ತೆಗೆದರೆ ಅದೇ ಗಾಡಿಯಲ್ಲೇ ಹೋಗಬೇಕು. ಮನ ಬಂದ ಗಾಡಿ ಹತ್ತಬೇಕಾದರೆ ಹೆಚ್ಚು ತೆರಬೇಕು. ಟಿಕೀಟು ತೆಗೆದ ಮಾತ್ರಕ್ಕೆ ಜಾಗ ಸಿಕ್ಕಿತೆಂದಲ್ಲ. ಜಾಗ ಕಾದಿರಿಸುವುದು ಬೇರೆ ಲೆಕ್ಕ. ಆ ವರ್ಷ ಮೇ ತಿಂಗಳಿಂದ 49 ಯೂರೋಗೆ ತಿಂಗಳೆಲ್ಲ ದೇಶದ ಯಾವ ಮೂಲೆಗಾದರೂ ಹತ್ತಿರದ ಗಾಡಿಗಳಲ್ಲಿ ತಿರುಗಬಹುದಾದ ಟಿಕೀಟು ಬಂದಿತ್ತು. ಆದರೆ ಅದು ಪತ್ರಿಕೆಯ ಚಂದಾದಂತೆ, ನಿಲ್ಲಿಸೆಂದು ಹೇಳುವ ತನಕ ತಿಂಗಳು ತಿಂಗಳೂ ನಡೆಯುತ್ತದೆ. ಒಂದು ದಿನದ ಅತಿಥಿಯಾದ ನನಗೆ ಒಪ್ಪುವುದು ಆ ರಾಜ್ಯಕ್ಕೆಂದೇ ಇರುವ ದಿನದ ಟಿಕೀಟು. ಬಾಡೆನ್-ವುರ್ಟೆಂಬರ್ಗ್ ಟಿಕೀಟು ಎಂದು ಅದರ ಹೆಸರು. ಅದನ್ನು ಹಿಡಿದು ರಾಜ್ಯದೊಳಗೆ ದಿನವಿಡೀ ಎಷ್ಟು ಸಲವಾದರೂ ಹತ್ತಿ ಇಳಿಯಬಹುದು. ಆದರೆ ವಾರದ ದಿನಗಳಲ್ಲಿ ಬೆಳಗಿನ ಒಂಬತ್ತಕ್ಕೆ ಮುಂಚೆ ಅದು ನಡೆಯದು. ವೇಗದ ಗಾಡಿಗಳಲ್ಲಂತೂ ಎಂದೂ ನಡೆಯದು. “ಟಿಕೀಟಿನ ಮೇಲೆ ನಿನ್ನ ಹೆಸರು ಬರೆಯದು ಮರೆಯಡ” ಎಂದು ಎರಡು ಸಲ ಹೇಳಿದಳು. ದಾರಿಯ ಊರುಗಳನ್ನೂ ಒಂದು ಚೀಟಿಯಲ್ಲಿ ಬರೆದುಕೊಟ್ಟಳು: ಎಸ್ಲಿಂಗನ್, ಪ್ಲೋಖಿಂಗನ್, ನ್ಯೂರ್ಟಿಂಗನ್, ಮೆಟ್ಸಿಂಗನ್, ರಾಯ್ಟ್ಲಿಂಗನ್, ಕೊನೆಗೆ ಟ್ಯೂಬಿಂಗನ್. ನಮ್ಮ ಕಡೆ ಕೊಪ್ಪ, ಗೋಡು, ಸರಗಳಿದ್ದ ಹಾಗೆ ಅಲ್ಲಿ ಎಲ್ಲಕ್ಕೂ ‘ಇಂಗನ್’ ಎಂಬ ಅಂತ್ಯಪ್ರಾಸ. ಈ ಪ್ರಾಸವೇ ಮರುದಿನ ನನ್ನನ್ನು ಕಾಪಾಡೀತೆಂದು ಆಗ ಹೊಳೆದಿರಲಿಲ್ಲ.

ಬೆಳಿಗ್ಗೆ ಸ್ಟುಟ್‌ಗಾರ್ಟಿನ ದೊಡ್ಡ ನಿಲ್ದಾಣಕ್ಕೆ ಹೋದೆ. ಟಿಕೀಟು ಕೊಡುವುದು ಯಂತ್ರ. ಗಾಜಿನ ಮೇಲೆ ಧ್ವಜಗಳ ಚಿತ್ರ. ಇಂಗ್ಲಿಷಿನ ಧ್ವಜವನ್ನು ಮುಟ್ಟಿದರೆ ಇಂಗ್ಲಿಷಿನಲ್ಲಿ ಮಾತಾಡುತ್ತದೆ. ಮೊದಲ ದರ್ಜೆಯೋ ಎರಡನೆಯದೋ? ಎಷ್ಟು ಜನ? ಯಾವ ದಿನಕ್ಕೆ? ಪ್ರಶ್ನೆಯ ಮೇಲೆ ಪ್ರಶ್ನೆ. ನನ್ನ ಹಿಂದೆ ನಾಲ್ಕು ಜನ ನಿಂತಿದ್ದರು. ಅವರು ಒಂದು ಮಾತೂ ಆಡಲಿಲ್ಲ. ಆದರೆ ಬೆನ್ನಿಗೂ ಕಣ್ಣಿರುತ್ತದೆಂದು ನನಗೆ ಗೊತ್ತಾದದ್ದು ಆಗ.

ಸಾಗರದ ಹಳೆಯ ಟಿಕೀಟು ಕಿಂಡಿ ನೆನಪಾಯಿತು. ಕಿಂಡಿಯೊಳಗೆ ಕೈ ಹಾಕಿ ಊರಿನ ಹೆಸರು ಹೇಳಿದರೆ ಮುಗಿಯಿತು. ಒಳಗೆ ‘ಟಕ್’ ಎಂದು ತಾರೀಖಿನ ಮುದ್ರೆ ಬಿದ್ದ ಸದ್ದು, ಅಂಗೈಯಲ್ಲಿ ಒಂದು ರಟ್ಟಿನ ಚೂರು. 57 ಮಿಲಿಮೀಟರು ಉದ್ದ, 30 ಮಿಲಿಮೀಟರು ಅಗಲದ ಆ ರಟ್ಟನ್ನು 1830ರ ದಶಕದಲ್ಲಿ ಯೋಚಿಸಿ ಮಾಡಿದವನು ಥಾಮಸ್ ಎಡ್ಮಂಡ್ಸನ್ ಎಂಬ ಇಂಗ್ಲೆಂಡಿನ ಸ್ಟೇಷನ್ ಮಾಸ್ತರ. ಅದಕ್ಕೆ ಮುಂಚೆ ಪ್ರತಿ ಪ್ರಯಾಣಿಕನಿಗೂ ಕೈಯಲ್ಲೇ ಬರೆದು ಕೊಡಬೇಕಾಗಿತ್ತಂತೆ. ಓದು ಬಾರದವನೂ ಆ ರಟ್ಟನ್ನು ಬಾಯಲ್ಲಿ ಕಚ್ಚಿಕೊಂಡು ಎರಡು ಕೈಯಲ್ಲಿ ಎರಡು ಮಕ್ಕಳನ್ನು ಹಿಡಿದು ಗಾಡಿ ಹತ್ತಬಹುದಿತ್ತು.

ಅಂತೂ ಇಪ್ಪತ್ತೈದು ಯೂರೋ ಆಸುಪಾಸು ನುಂಗಿ ಯಂತ್ರವು ಒಂದು ಹಾಳೆಯನ್ನು ಹೊರಕ್ಕೆ ತಳ್ಳಿತು. ಮಗಳ ಮಾತು ನೆನಪಾಗಿ ಪೆನ್ನು ತೆಗೆದು ಹೆಸರು ಬರೆದೆ. ಬರೆದ ಮೇಲೆ ನೋಡುತ್ತೇನೆ: ಕನ್ನಡದಲ್ಲಿ ಬರೆದುಬಿಟ್ಟಿದ್ದೇನೆ! ಹಳೆಯ ಕೈ, ಅದಕ್ಕೆ ದೇಶ ಬದಲಾದದ್ದು ಗೊತ್ತಿಲ್ಲ. ಆಗಲಿ, ಕಿಟೆಲ್ಲರ ನಾಡು ತಾನೇ ಎಂದು ಸಮಾಧಾನ ಮಾಡಿಕೊಂಡೆ.

ಇನ್ನು ಗಾಡಿಯ ವೇಳೆ. ಗೋಡೆಯ ಮೇಲೆ ಗಾಜಿನ ಹಿಂದೆ ದೊಡ್ಡ ಹಾಳೆಗಳನ್ನು ಅಂಟಿಸಿದ್ದರು. ಎಂಥ ಶಿಸ್ತು! ನಡುರಾತ್ರಿಯಿಂದ ನಡುರಾತ್ರಿಯ ತನಕ ಗಂಟೆ ಗಂಟೆಗೆ ವಿಂಗಡಿಸಿ, ವೇಳೆ, ಗಾಡಿಯ ಸಂಖ್ಯೆ, ನಡುವಿನ ಊರುಗಳು, ಕಡೆಯಲ್ಲಿ ಪ್ಲಾಟ್‌ಫಾರಂ ಎಲ್ಲವನ್ನೂ ಇರುವೆಸಾಲಿನಂಥ ಅಕ್ಷರಗಳಲ್ಲಿ ಬರೆದಿದ್ದರು. ಎರಡು ಸುತ್ತಿಗೆ ಕತ್ತರಿಯಾಗಿ ಇಟ್ಟ ಗುರುತು ಇದ್ದರೆ ಕೆಲಸದ ದಿನ ಮಾತ್ರ ಓಡುವ ಗಾಡಿ. ಶಿಲುಬೆಯ ಗುರುತಿದ್ದರೆ ಭಾನುವಾರ ಮತ್ತು ಹಬ್ಬದ ದಿನದ್ದು. ಯೂರೋಪಿನಲ್ಲೆಲ್ಲ ಡಿಸೆಂಬರಿನ ನಡುವೆ ಒಂದೇ ದಿನ ಹೊಸ ವೇಳಾಪಟ್ಟಿ ಜಾರಿಗೆ ಬರುತ್ತದೆ, ನಮ್ಮ ಯುಗಾದಿಯ ಪಂಚಾಂಗದ ಹಾಗೆ. ನಾನು ಕನ್ನಡಕ ಏರಿಸಿ, ಬೆರಳಿಟ್ಟು ಓದಿದೆ. ಟ್ಯೂಬಿಂಗನ್ ಸಿಕ್ಕಿತು. ವೇಳೆ ಸಿಕ್ಕಿತು. ಪ್ಲಾಟ್‌ಫಾರಂ ಸಿಕ್ಕಿತು. ಯಾರನ್ನೂ ಕೇಳದೆ, ಯಾರ ಹಂಗೂ ಇಲ್ಲದೆ! ವಿಚಾರಣೆಯ ಕೌಂಟರು ಹತ್ತು ಹೆಜ್ಜೆ ದೂರದಲ್ಲೇ ಇತ್ತು. ಅದರ ಮುಂದೆ ಹೆಮ್ಮೆಯಿಂದಲೇ ನಡೆದುಹೋದೆ.

ಸರಿಯಾದ ವೇಳೆಗೆ ಸರಿಯಾದ ಜಾಗಕ್ಕೆ ಗಾಡಿ ಬಂದಿತು. ಜನ ಇಳಿದರು, ಜನ ಹತ್ತಿದರು. ನಾನೂ ಹತ್ತಿ ಕಿಟಕಿಯ ಪಕ್ಕ ಕುಳಿತೆ. ಗಾಡಿ ಹೊರಟಿತು. ಚೀಟಿ ತೆಗೆದು ‘ಎಸ್ಲಿಂಗನ್’ ಎಂದು ಬಾಯಿಪಾಠ ಮಾಡುತ್ತಿದ್ದಾಗ ಮೇಲಿನ ಫಲಕದಲ್ಲಿ ಮುಂದಿನ ನಿಲ್ದಾಣದ ಹೆಸರು ಮೂಡಿತು: ಲುಡ್ವಿಗ್ಸ್‌ಬುರ್ಗ್. ನನ್ನ ಎದೆ ಧಸಕ್ಕೆಂದಿತು. ಪ್ರಾಸ ತಪ್ಪಿತ್ತು! ಪ್ರಾಸ ತಪ್ಪಿದರೆ ಪದ್ಯ ಕೆಡುತ್ತದೆಂದು ಮಕ್ಕಳಿಗೆ ಹೇಳುತ್ತಿದ್ದೆ. ದಾರಿಯೂ ಕೆಡುತ್ತದೆಂದು ಆ ದಿನ ತಿಳಿಯಿತು.

ಎದುರಿಗೆ ಹತ್ತೊಂಬತ್ತು ಇಪ್ಪತ್ತರ ಹುಡುಗನೊಬ್ಬ ಕಿವಿಗಳೆರಡನ್ನೂ ಮುಚ್ಚಿಕೊಂಡು ಏನೋ ಸಂಗೀತ ಕೇಳುತ್ತ ಕುಳಿತಿದ್ದ. ನಾನು ಬಾಯಿ ತೆರೆಯುವುದಕ್ಕೂ ಮುಂಚೆಯೇ, ನನ್ನ ಮುಖ ನೋಡಿ, ಅವನು ಕಿವಿಯ ಮೇಲಿನದನ್ನು ತೆಗೆದು ಕೊರಳಿಗೆ ಇಳಿಸಿದ. ಚೀಟಿ ತೋರಿಸಿದೆ. ಟ್ಯೂಬಿಂಗನ್ ದಕ್ಷಿಣಕ್ಕೆ, ಈ ಗಾಡಿ ಉತ್ತರಕ್ಕೆ ಹೈಲ್‌ಬ್ರಾನಿಗೆ ಹೋಗುವುದೆಂದ. ಟ್ಯೂಬಿಂಗನ್ನಿಂದಲೇ ಬಂದ ಗಾಡಿ ಅದು. ತನ್ನ ಊರಾದ ಲುಡ್ವಿಗ್ಸ್‌ಬುರ್ಗಿನಲ್ಲಿ ಅವನು ನನ್ನನ್ನೂ ಇಳಿಸಿದ. ನಾನು ಸೋತ ಮುಖದಿಂದ, ಗೋಡೆಯ ಮೇಲೆ ಓದಿಯೇ ಬಂದೆನಲ್ಲ ಎಂದೆ. ಅವನು ನಗಲಿಲ್ಲ. “ಯಾವ ಬಣ್ಣದ ಹಾಳೆ?” ಎಂದು ಕೇಳಿದ. ಬಿಳಿಯದು ಎಂದೆ. ಅಲ್ಲಿಗೆ ಎಲ್ಲವೂ ತಿಳಿಯಿತು. ಹಳದಿ ಹಾಳೆ ಹೊರಡುವ ಗಾಡಿಗಳದ್ದು. ಬಿಳಿ ಹಾಳೆ ಬರುವ ಗಾಡಿಗಳದ್ದು. ನಾನು ಓದಿದ್ದೆಲ್ಲ ಸರಿ, ಟ್ಯೂಬಿಂಗನ್ನಿನ ಗಾಡಿಯೂ ನಿಜ; ಆದರೆ ಅದು ಅಲ್ಲಿಂದ ಬರುವ ಗಾಡಿ. ತಪ್ಪು ಹಾಳೆಯದಲ್ಲ, ರೈಲಿನದಲ್ಲ. ಕೇಳಿದ್ದರೆ ಅರೆ ನಿಮಿಷದಲ್ಲಿ ತಿಳಿಯುತ್ತಿದ್ದುದನ್ನು ಕೇಳದೆ ಇದ್ದ ನನ್ನದು.

ಅಲ್ಲಿಂದಲೇ ಟ್ಯೂಬಿಂಗನ್ನಿಗೆ ನೇರ ಗಾಡಿಯಿತ್ತು. ಹುಡುಗ ಒಂದು ಚೂರು ಕಾಗದದ ಮೇಲೆ ವೇಳೆಯನ್ನೂ ಪ್ಲಾಟ್‌ಫಾರಮ್ಮಿನ ಅಂಕಿಯನ್ನೂ ದೊಡ್ಡದಾಗಿ ಬರೆದು, ಅಂಕಿಯ ಕೆಳಗೆ ಎರಡು ಗೆರೆ ಎಳೆದ. ನಾನು ದಿನದ ಟಿಕೀಟು ತೋರಿಸಿದೆ. ಇದು ಎತ್ತ ಹೋದರೂ ನಡೆಯುತ್ತದೆ, ದಂಡವಿಲ್ಲವೆಂದ. ಆ ದೇಶದ ನಿಲ್ದಾಣಗಳಲ್ಲಿ ಬಾಗಿಲಿಲ್ಲ, ಗೇಟಿಲ್ಲ, ಟಿಕೀಟು ತೋರಿಸು ಎಂದು ತಡೆಯುವವರಿಲ್ಲ. ಆದರೆ ಟಿಕೀಟಿಲ್ಲದೆ ಗಾಡಿಯಲ್ಲಿ ಸಿಕ್ಕಿಬಿದ್ದರೆ ಕಡಿಮೆಯೆಂದರೆ 60 ಯೂರೋ ತೆರಬೇಕು. ಆ ಭಯ ನನಗಿತ್ತು. ಹುಡುಗ ಹೊರಟುಹೋಗಬಹುದಿತ್ತು, ಹೋಗಲಿಲ್ಲ. ಗಾಡಿ ಬಂದು ನಾನು ಹತ್ತಿ ಕುಳಿತದ್ದನ್ನು ಕಂಡು, ಕಿವಿಯ ಮೇಲಿನದನ್ನು ಮತ್ತೆ ಏರಿಸಿಕೊಂಡು ನಡೆದ.

ಗಾಡಿ ಚಲಿಸಿತು. ಕಿಟಕಿಯಿಂದ ಅವನ ಬೆನ್ನು ನೋಡುತ್ತಿದ್ದವನಿಗೆ, ಐವತ್ತು ವರ್ಷಗಳ ಹಿಂದೆ ಇನ್ನೊಂದು ಕಿಟಕಿಯಲ್ಲಿ ಕಂಡ ಮುಖವೊಂದು ತಟ್ಟನೆ ನೆನಪಾಯಿತು. ಮರೆತಿದ್ದೆನೆಂದು ಹೇಳಲಾರೆ, ನೆನೆಯದೆ ಇಟ್ಟಿದ್ದೆ.

1972 ಇರಬೇಕು. ನಾನು ಸಾಗರದ ಕಾಲೇಜಿನಲ್ಲಿ ಓದುತ್ತಿದ್ದೆ. ಆಗ ಸಾಗರದಲ್ಲಿ ಮೀಟರ್‌ಗೇಜಿನ ಸಣ್ಣ ಗಾಡಿ. ಒಂದು ಕಡೆಗೆ ಹೋದರೆ ಶಿವಮೊಗ್ಗ, ಬೀರೂರು. ಇನ್ನೊಂದು ಕಡೆಗೆ ತಾಳಗುಪ್ಪ, ಅಲ್ಲಿಗೆ ಹಳಿಯೇ ಮುಗಿಯಿತು. ಶಿವಮೊಗ್ಗಕ್ಕೆ ಹೊರಟು ಬೆಂಚಿನ ಮೇಲೆ ಪತ್ರಿಕೆ ಓದುತ್ತ ಕುಳಿತಿದ್ದೆ. ಹೊಸದಾಗಿ ಇಂಗ್ಲಿಷು ಪತ್ರಿಕೆ ಓದಲು ಕಲಿತಿದ್ದ ಕಾಲ. ಅದನ್ನು ನಾಲ್ಕು ಜನ ನೋಡಲೆಂಬ ಆಸೆಯೂ ಇತ್ತು. ಕಂಕುಳಲ್ಲಿ ಗಂಟು ಇರುಕಿಕೊಂಡ ಮುದುಕಿಯೊಬ್ಬಳು ಬಂದು, “ಅಪ್ಪೀ, ಶಿಮೊಗ್ಗಕ್ಕೆ ಹೋಗ ಗಾಡಿ ಯಾವುದಾ?” ಎಂದಳು. ನಾನು ತಲೆ ಎತ್ತದೆ, “ಅಲ್ಲಿ ಬೋರ್ಡಿನ ಮೇಲೆ ಬರೆದಿದೆ” ಎಂದೆ. ಅವಳು ಬೋರ್ಡಿನ ಮುಂದೆ ಹೋಗಿ ಸ್ವಲ್ಪ ಹೊತ್ತು ನಿಂತಳು. ದೇವರ ಮುಂದೆ ನಿಲ್ಲುವ ಹಾಗೆ ನಿಂತಿದ್ದಳು. ಅವಳಿಗೆ ಓದು ಬಾರದೆಂಬುದು ನನಗೆ ತಿಳಿಯದ ವಿಷಯವಾಗಿರಲಿಲ್ಲ.

ಅಂದು ಎರಡು ಗಾಡಿಗಳು ಸಾಗರದಲ್ಲಿ ಎದುರುಬದುರು ದಾಟುವುದಿತ್ತು. ಮೊದಲು ಬಂದದ್ದು ತಾಳಗುಪ್ಪಕ್ಕೆ ಹೋಗುವುದು. ಅದು ಹೊರಟ ಮೇಲೆ ತಲೆ ಎತ್ತಿದೆ. ಮುದುಕಿ ಅದರ ಕಿಟಕಿಯಲ್ಲಿ ಕುಳಿತಿದ್ದಳು. ನನ್ನನ್ನು ಕಂಡು, ಗಾಡಿ ಸಿಕ್ಕಿತು ಎನ್ನುವಂತೆ ನಕ್ಕಳು. ಪಕ್ಕದಲ್ಲಿ ಚಹಾ ಮಾರುತ್ತಿದ್ದವನು, “ಪಾಪ, ಮಗಳನ್ನ ಹೆರಿಗೆಗೆ ಶಿವಮೊಗ್ಗದ ಆಸ್ಪತ್ರೆಗೆ ಸೇರಿಸಿದಾರಂತೆ, ಅತ್ಲಾಗೆ ಯಾಕೆ ಹೋದಳು?” ಎಂದ. ನಾನು ಉತ್ತರ ಕೊಡಲಿಲ್ಲ. ನನ್ನ ಗಾಡಿ ಬಂತು, ಹತ್ತಿದೆ. ತಾಳಗುಪ್ಪಕ್ಕೆ ಹೋದ ಗಾಡಿ ಮತ್ತೆ ಇದೇ ದಾರಿಯಲ್ಲಿ ತಿರುಗಿ ಬರಲೇಬೇಕಲ್ಲ ಎಂದು ದಾರಿಯುದ್ದಕ್ಕೂ ನನಗೆ ನಾನೇ ಹೇಳಿಕೊಂಡೆ. ಅವಳು ಯಾವಾಗ ಮುಟ್ಟಿದಳೋ, ಮಗಳಿಗೆ ಏನಾಯಿತೋ, ತಿಳಿಯುವ ದಾರಿ ನನಗಿರಲಿಲ್ಲ.

ಟ್ಯೂಬಿಂಗನ್ನಿನ ಗಾಡಿಯಲ್ಲಿ ಈ ನೆನಪು ಹೊತ್ತು ಕುಳಿತಿದ್ದಾಗ ಟಿಕೀಟು ನೋಡುವವನು ಬಂದ. ಹಾಳೆಯ ಮೇಲಿನ ಕನ್ನಡವನ್ನು ಅಡ್ಡ ಹಿಡಿದು, ಉದ್ದ ಹಿಡಿದು ನೋಡಿದ. ನಾನು ಓದಿ ಹೇಳಿದೆ; ಪಾಸ್‌ಪೋರ್ಟು ತೋರಿಸಿದೆ. ಎರಡನ್ನೂ ನೋಡಿ, ಅಕ್ಷರ ದುಂಡಗೆ ಚೆನ್ನಾಗಿದೆ ಎಂದು ಹೇಳಿ, ಇಕ್ಕಳದಂಥದರಿಂದ ಮುದ್ರೆಯೊತ್ತಿಕೊಟ್ಟ. ಓದು ಬಾರದವನ ಮುಂದೆ ಹೀಗೂ ನಡೆದುಕೊಳ್ಳಬಹುದು, ಓದು ಬಾರದೆಹೋದಾಗ ಹೀಗೂ ಇರಬಹುದು ಎಂದು ತೋರಿತು.

ಊರು ಮುಟ್ಟಿ, ನೆಕ್ಕಾರ್ ನದಿಯ ಸೇತುವೆಯ ಮೇಲೆ ಬಹಳ ಹೊತ್ತು ನಿಂತಿದ್ದೆ. ಕಿಟೆಲ್ ನಮ್ಮ ನಾಡಿಗೆ ಬಂದದ್ದು 1853ರಲ್ಲಿ, ಇಪ್ಪತ್ತೊಂದರ ಹರೆಯದಲ್ಲಿ. ನಿಘಂಟು ಮಂಗಳೂರಿನಲ್ಲಿ ಅಚ್ಚಾದದ್ದು 1894ರಲ್ಲಿ. ಎಪ್ಪತ್ತು ಸಾವಿರದಷ್ಟು ಶಬ್ದಗಳು. ಹಳೆಯ ಗ್ರಂಥಗಳಿಂದ ಹೆಕ್ಕಿದ್ದು ಒಂದು ಪಾಲಾದರೆ, ಜನರನ್ನು ಕೇಳಿ ಬರೆದುಕೊಂಡದ್ದು ಇನ್ನೊಂದು ಪಾಲು. ಧಾರವಾಡ, ಮಂಗಳೂರು, ಮಡಿಕೇರಿಗಳಲ್ಲಿ ಇದೇನು, ಅದೇನು ಎಂದು ಆ ಮನುಷ್ಯ ಎಷ್ಟು ಜನರನ್ನು ಕೇಳಿರಬೇಕು! ಎಷ್ಟು ಜನ ತಮ್ಮ ಕೆಲಸ ಬಿಟ್ಟು ಹೇಳಿರಬೇಕು! ಬೋರ್ಡಿನ ಮೇಲೆ ಬರೆದಿದೆ ನೋಡಿಕೋ ಎಂದು ಅವರೆಲ್ಲ ಅಂದಿದ್ದರೆ ನಮಗೆ ನಿಘಂಟು ಎಲ್ಲಿರುತ್ತಿತ್ತು?

ಊರಿಗೆ ಬಂದ ಮೇಲೆ ಆ ನಿಘಂಟು ತೆರೆದು ‘ಕೇಳು’ ಎಂಬ ಶಬ್ದ ನೋಡಿದೆ. ಗೊತ್ತಿದ್ದದ್ದೇ, ಆದರೂ ನೋಡಬೇಕೆನ್ನಿಸಿತು. ಪ್ರಶ್ನೆ ಹಾಕುವುದಕ್ಕೂ ಕಿವಿಗೊಡುವುದಕ್ಕೂ ಕನ್ನಡದಲ್ಲಿ ಒಂದೇ ಮಾತು. ಮುದುಕಿ ಕೇಳಿದಳು, ನಾನು ಕೇಳಲಿಲ್ಲ. ಹುಡುಗನ ಚೀಟಿಯನ್ನು ಆ ಪುಟದಲ್ಲಿಟ್ಟೆ.

ಸಾಗರದ ನಿಲ್ದಾಣ ಇಂದು ಬೇರೆಯಾಗಿದೆ. 2011ರಲ್ಲಿ ಅಗಲದ ಹಳಿ ತಾಳಗುಪ್ಪ ಮುಟ್ಟಿತು. ರಾತ್ರಿ ಮಲಗಿದರೆ ಬೆಳಿಗ್ಗೆ ಬೆಂಗಳೂರು. ವೇಳಾಪಟ್ಟಿಯೂ ಟಿಕೀಟೂ ಫೋನಿನೊಳಗೆ ಹೋಗಿವೆ. 120 ದಿನ ಮುಂಚಿತವಾಗಿ ಕಾದಿರಿಸಬಹುದಿದ್ದದ್ದು 2024ರ ನವೆಂಬರಿನಿಂದ 60 ದಿನಕ್ಕಿಳಿದಿದೆ. ಮನೆಯಲ್ಲೇ ಕುಳಿತು ತತ್ಕಾಲ್ ಟಿಕೀಟು ತೆಗೆಯಬೇಕಾದರೆ 2025ರ ಜುಲೈಯಿಂದ ಆಧಾರ್ ಜೋಡಿಸಿರಬೇಕು. ಎಲ್ಲವೂ ಒಳ್ಳೆಯದಕ್ಕೇ ಇರಬಹುದು. ಆದರೆ ಬೋರ್ಡಿನ ಮುಂದೆ ನಿಂತಿದ್ದ ಮುದುಕಿಯ ಜಾಗದಲ್ಲಿ ಈಗ ಫೋನಿನ ಮುಂದೆ ನಿಂತವರು ಕಾಣುತ್ತಾರೆ. ಅವರಲ್ಲಿ ಓದು ಬಲ್ಲವರೂ ಇದ್ದಾರೆ.

ಈಚೆಗೆ ಒಂದು ರಾತ್ರಿ ಅಲ್ಲಿ ಗಾಡಿಗೆ ಕಾಯುತ್ತಿದ್ದೆ. ನನ್ನದೇ ವಯಸ್ಸಿನವರೊಬ್ಬರು ಫೋನನ್ನು ದೀಪದ ಕಡೆಗೆ ಹಿಡಿದು, ದೂರ ಮಾಡಿ, ಹತ್ತಿರ ಮಾಡಿ ನೋಡುತ್ತಿದ್ದರು. ಮಗ ಟಿಕೀಟು ಕಳಿಸಿದ್ದನಂತೆ. ಯಾವ ಡಬ್ಬಿ, ಯಾವ ಸೀಟು, ಡಬ್ಬಿ ಎಲ್ಲಿ ನಿಲ್ಲುತ್ತದೆ, ಒಂದೂ ತಿಳಿಯದು. ಯಾರನ್ನೂ ಕೇಳಲು ಅವರಿಗೆ ಸಂಕೋಚ. ಅದು ನನಗೆ ಮುಖದಲ್ಲೇ ಕಾಣಿಸಿತು. “ಎಲ್ಲಿಗೆ ಹೊರಟಿರಿ?” ಎಂದು ನಾನೇ ಕೇಳಿದೆ. ಫೋನು ನನ್ನ ಕೈಗೆ ಬಂತು. ನೋಡಿದೆ, ಸೀಟು ತಿಳಿಯಿತು, ಡಬ್ಬಿ ಎಲ್ಲಿ ನಿಲ್ಲುತ್ತದೆಂಬುದು ನನಗೂ ತಿಳಿಯಲಿಲ್ಲ. “ಬನ್ನಿ, ಯಾರನ್ನಾದರೂ ಕೇಳೋಣ” ಎಂದೆ. ಇಬ್ಬರೂ ಎದ್ದು ಹೊರಟೆವು.